ಪೇಸ್ಲಿಪ್ ಇಲ್ಲದವರಿಗೆ ಮನೆ ಕೊಡ್ತಾರಾ?



ಎಂಟನೇ ಸೆಮಿಸ್ಟರ್‌ನ ಇಂಟರ್ನ್‌ಶಿಪ್‌ಗೆ ಅಂತ ಬೆಂಗಳೂರಿಗೆ ಹೋದ ನಾವು ನಾಲ್ಕು ಜನ, ಮೊದಲ ಹನ್ನೆರಡು ದಿನ ಸೀನಿಯರ್ ಒಬ್ಬರ ರೂಮಿನಲ್ಲಿ ನೆಲದ ಮೇಲೆ ಮಲಗಿದೆವು. ಬಾಡಿಗೆಗೆ ಮನೆ ಇರಲಿಲ್ಲ ಅಂತಲ್ಲ. ಮಾರತ್ತಹಳ್ಳಿ ಕಡೆ ಬೀದಿಗೆರಡು ಟು-ಲೆಟ್ ಬೋರ್ಡ್ ಇದ್ದವು. ಬಾಡಿಗೆ ಕೊಡೋಕೆ ದುಡ್ಡೂ ಇತ್ತು. ಇರದೇ ಇದ್ದದ್ದು ಒಂದೇ: "ನಿಮ್ಮ ಹತ್ರ ದುಡ್ಡು ಬರುತ್ತೆ ಅನ್ನೋದಕ್ಕೆ ಏನಪ್ಪಾ ಗ್ಯಾರಂಟಿ?" ಅನ್ನುವ ಪ್ರಶ್ನೆಗೆ ಉತ್ತರ.

ಇಂಜಿನಿಯರಿಂಗ್‌ನ ನಾಲ್ಕು ವರ್ಷದಲ್ಲಿ ನಮಗೆ ರೆಸ್ಯೂಮೆ ಬರೆಯೋದು ಹೇಳಿಕೊಟ್ಟರು, ಇಂಟರ್‌ವ್ಯೂನಲ್ಲಿ ಹೇಗೆ ಕೂರಬೇಕು ಅಂತಲೂ ಹೇಳಿಕೊಟ್ಟರು. ಕೆಲಸ ಸಿಕ್ಕಿದ ಮೇಲೆ, ಕೆಲಸ ಸಿಕ್ಕಿದೆ ಅಂತ ಮನೆ ಓನರ್‌ಗೆ ಹೇಗೆ ತೋರಿಸಬೇಕು ಅನ್ನೋದನ್ನ ಯಾರೂ ಹೇಳಲಿಲ್ಲ. ಈಗ ರಿಪೋರ್ಟ್ ಸಬ್ಮಿಟ್ ಮಾಡೋಕೆ ಕ್ಯಾಂಪಸ್‌ಗೆ ವಾಪಸ್ ಬಂದಿದ್ದೇವೆ. ಮುಂದಿನ ಬ್ಯಾಚ್‌ನವರು ನಮ್ಮ ಹಾಗೆ ಅಲೆಯದಿರಲಿ ಅಂತ ಇದನ್ನು ಬರೆಯುತ್ತಿದ್ದೇವೆ.

ಓನರ್ ಕೇಳೋದು ಒಂದು ಪ್ರಶ್ನೆ ಅಲ್ಲ, ಮೂರು

"ಡಾಕ್ಯುಮೆಂಟ್ಸ್ ಕೊಡಿ" ಅಂತ ಓನರ್ ಒಂದೇ ಮಾತಲ್ಲಿ ಕೇಳುತ್ತಾರೆ. ಅದರೊಳಗೆ ಮೂರು ಬೇರೆ ಬೇರೆ ಪ್ರಶ್ನೆ ಇವೆ. ನೀವು ಯಾರು? ಎಲ್ಲಿ ಕೆಲಸ ಮಾಡುತ್ತೀರಿ? ತಿಂಗಳು ತಿಂಗಳು ಬಾಡಿಗೆ ಬರುತ್ತಾ?

ನಾವು ಮೊದಲು ಮಾಡಿದ ತಪ್ಪು ಇಲ್ಲೇ. ಮೂರಕ್ಕೂ ಆಧಾರ್ ಕಾರ್ಡ್ ಹಿಡಿದುಕೊಂಡು ಹೋದೆವು. ಆಧಾರ್ ಮೊದಲನೇ ಪ್ರಶ್ನೆಗೆ ಮಾತ್ರ ಉತ್ತರ. ಕಂಪನಿ ಐಡಿ ಕಾರ್ಡ್ ಎರಡನೆಯದಕ್ಕೆ ಅರ್ಧ ಉತ್ತರ. ಮೂರನೆಯದಕ್ಕೆ ನಮ್ಮ ಹತ್ರ ಏನೂ ಇರಲಿಲ್ಲ. ಓನರ್‌ಗೆ ಎಲ್ಲಕ್ಕಿಂತ ಮುಖ್ಯವಾದದ್ದು ಆ ಮೂರನೆಯದೇ.

ಯಾವ ಕಾಗದ ಏನು ಹೇಳುತ್ತೆ, ಏನು ಹೇಳಲ್ಲ ಅಂತ ಒಂದೊಂದಾಗಿ ನೋಡೋಣ.

ಆಫರ್ ಲೆಟರ್: ಕಂಪನಿ ನಿಮಗೆ ಕೊಟ್ಟ ಮಾತು ಇದು. ನೀವು ಸೇರಿದ್ದೀರಿ ಅನ್ನೋದಕ್ಕೆ ಇದು ಸಾಕ್ಷಿ ಅಲ್ಲ. ಆಫರ್ ಕೈಯಲ್ಲಿದ್ದೂ ಜಾಯಿನಿಂಗ್ ಡೇಟ್ ಮುಂದೆ ಮುಂದೆ ಹೋದ ಸೀನಿಯರ್ಸ್ ನಮ್ಮ ಕಾಲೇಜಿನಲ್ಲೇ ಇದ್ದಾರೆ. ಇದು ಓನರ್‌ಗಳಿಗೂ ಗೊತ್ತು. ಆದ್ದರಿಂದ ಸೇರಿದ ದಿನವೇ ಎಚ್‌ಆರ್‌ಗೆ ಮೇಲ್ ಮಾಡಿ ಒಂದು ಉದ್ಯೋಗ ದೃಢೀಕರಣ ಪತ್ರ ಕೇಳಿ. ಕಂಪನಿಯ ಲೆಟರ್‌ಹೆಡ್ ಮೇಲೆ ನಿಮ್ಮ ಹೆಸರು, ಹುದ್ದೆ, ಸೇರಿದ ದಿನಾಂಕ, ತಿಂಗಳ ಸಂಬಳ ಅಥವಾ ಸ್ಟೈಪೆಂಡ್, ಇಂಟರ್ನ್ ಆಗಿದ್ದರೆ ಎಷ್ಟು ತಿಂಗಳು ಅನ್ನೋದು ಇರಬೇಕು. "ಬಾಡಿಗೆ ಮನೆಗೆ ಬೇಕು" ಅಂತ ಹೇಳಿದರೆ ಸಾಕು, ಎಚ್‌ಆರ್‌ನವರಿಗೆ ಇದು ಹೊಸದಲ್ಲ.

ಪೇಸ್ಲಿಪ್: ಮೂರು ತಿಂಗಳದ್ದು ಕೇಳುವುದು ವಾಡಿಕೆ. ಆದರೆ ಹೊಸದಾಗಿ ಸೇರಿದವರಿಗೆ ಮೊದಲ ತಿಂಗಳ ಕೊನೆವರೆಗೆ ಒಂದೂ ಇರಲ್ಲ. ಮನೆ ಬೇಕಾಗಿರೋದು ಮೊದಲ ವಾರದಲ್ಲೇ. ಇಲ್ಲದ್ದಕ್ಕೆ ಕ್ಷಮೆ ಕೇಳುತ್ತಾ ನಿಲ್ಲಬೇಡಿ. "ಸರ್, ಹೋದ ಸೋಮವಾರ ಸೇರಿದ್ದೀನಿ. ಪೇಸ್ಲಿಪ್ ಮುಂದಿನ ತಿಂಗಳು ಬರುತ್ತೆ, ಬಂದ ತಕ್ಷಣ ಕೊಡ್ತೀನಿ. ಈಗ ಈ ಲೆಟರ್ ನೋಡಿ" ಅನ್ನಿ.

ಬ್ಯಾಂಕ್ ಸ್ಟೇಟ್‌ಮೆಂಟ್: ಪೇಸ್ಲಿಪ್ ಕಂಪನಿ ಹೇಳಿದ ಮಾತು, ಸ್ಟೇಟ್‌ಮೆಂಟ್ ನಿಜವಾಗಿ ಬಂದ ದುಡ್ಡು. ಎರಡರಲ್ಲೂ ಇರುವ ಮೊತ್ತ ಒಂದೇ ಆಗಿದ್ದರೆ ಅದಕ್ಕಿಂತ ಗಟ್ಟಿ ಪುರಾವೆ ಬೇಡ.

ಫಾರ್ಮ್ 16: ಕಂಪನಿ ನಿಮ್ಮ ಸಂಬಳದಿಂದ ತೆರಿಗೆ ಹಿಡಿದು ಸರ್ಕಾರಕ್ಕೆ ಕಟ್ಟಿದ ಲೆಕ್ಕ. ಆರ್ಥಿಕ ವರ್ಷ ಮುಗಿದ ಮೇಲೆ, ಜೂನ್ ಮಧ್ಯದ ಹೊತ್ತಿಗೆ ಕೈಗೆ ಬರುತ್ತೆ. ಫ್ರೆಶರ್ ಹತ್ರ ಇದನ್ನು ಕೇಳಿದರೆ, ಇನ್ನೂ ಒಂದು ವರ್ಷ ಆಗಿಲ್ಲ ಅಂತ ವಿವರಿಸಿ. ಬಹಳ ಓನರ್‌ಗಳು ಲಿಸ್ಟ್ ನೋಡಿಕೊಂಡು ಕೇಳುತ್ತಾರೆ ಅಷ್ಟೇ.

ಪಿಎಫ್ ಪಾಸ್‌ಬುಕ್: ಪಿಎಫ್ ಇರುವ ಕೆಲಸವಾದರೆ ನಿಮಗೊಂದು ಯುಎಎನ್ ನಂಬರ್ ಇರುತ್ತೆ. ಯಾವ ಕಂಪನಿ, ಯಾವ ತಿಂಗಳು, ಎಷ್ಟು ಕಟ್ಟಿದೆ ಅನ್ನೋದು ಆ ಪಾಸ್‌ಬುಕ್‌ನಲ್ಲಿ ಸಿಗುತ್ತೆ. ಉಮಂಗ್ ಆ್ಯಪ್‌ನಲ್ಲೂ ನೋಡಬಹುದು. ಇಂಟರ್ನ್‌ಗಳಿಗೆ ಸಾಮಾನ್ಯವಾಗಿ ಪಿಎಫ್ ಇರಲ್ಲ.

ಆರು ಲಕ್ಷ ಅಂದ್ರೆ ತಿಂಗಳಿಗೆ ಐವತ್ತು ಸಾವಿರ ಅಲ್ಲ

ಪುರಾವೆ ತೋರಿಸುವ ಮೊದಲು ನಮ್ಮ ಆದಾಯ ಎಷ್ಟು ಅಂತ ನಮಗೇ ಗೊತ್ತಿರಬೇಕಲ್ಲ? ಪ್ಲೇಸ್‌ಮೆಂಟ್ ಆದ ದಿನ ಎಲ್ಲರೂ ಸಿಟಿಸಿಯನ್ನು ಹನ್ನೆರಡರಿಂದ ಭಾಗಿಸಿ ಖುಷಿಪಡುತ್ತಾರೆ. ಓನರ್‌ಗೂ ಅದೇ ಅಂಕಿ ಹೇಳಿಬಿಟ್ಟು ಆಮೇಲೆ ಸಿಕ್ಕಿಹಾಕಿಕೊಳ್ಳುತ್ತಾರೆ.

ಒಂದು ಉದಾಹರಣೆ ಲೆಕ್ಕ ಹಾಕೋಣ. ಸಿಟಿಸಿ 6,00,000. ಇದರಲ್ಲಿ 60,000 ವೇರಿಯಬಲ್ ಪೇ ಅಂತ ಇಟ್ಟುಕೊಳ್ಳಿ. ಅದು ತಿಂಗಳು ತಿಂಗಳು ಬರಲ್ಲ. ಉಳಿದದ್ದು 5,40,000. ಕಂಪನಿ ನಿಮ್ಮ ಪರವಾಗಿ ಕಟ್ಟುವ ಪಿಎಫ್ ತಿಂಗಳಿಗೆ 1,800 ಆದರೆ ವರ್ಷಕ್ಕೆ 21,600. ಬೇಸಿಕ್ 3,00,000 ಇದ್ದರೆ ಅದರ ಶೇ. 4.81ರಂತೆ ಗ್ರಾಚ್ಯುಟಿ ಲೆಕ್ಕ 14,430. ಇವೆರಡನ್ನೂ ಕಳೆದರೆ 5,03,970. ಹನ್ನೆರಡರಿಂದ ಭಾಗಿಸಿದರೆ ಸುಮಾರು 42,000. ಇದರಲ್ಲಿ ನಿಮ್ಮ ಪಾಲಿನ ಪಿಎಫ್ 1,800, ಕರ್ನಾಟಕದ ವೃತ್ತಿ ತೆರಿಗೆ 200 ಹೋದರೆ ಅಕೌಂಟ್‌ಗೆ ಬರೋದು 40,000ದ ಆಸುಪಾಸು. ಕಂಪನಿಯಿಂದ ಕಂಪನಿಗೆ ಅಂಕಿ ಬೇರೆಯಾಗುತ್ತೆ, ಲೆಕ್ಕದ ದಾರಿ ಇದೇ.

ಬಾಡಿಗೆ ಕೈಗೆ ಬರುವ ಸಂಬಳದ ಮೂರನೇ ಒಂದು ಭಾಗ ದಾಟಬಾರದು ಅನ್ನೋದು ಸಾಮಾನ್ಯವಾಗಿ ಎಲ್ಲರೂ ಹೇಳುವ ಲೆಕ್ಕ. ಅಂದರೆ ಇವರಿಗೆ ಒಬ್ಬರೇ ಇರೋದಾದರೆ 13,000ದವರೆಗಿನ ಮನೆ. "ಐವತ್ತು ಸಾವಿರ ಸಂಬಳ" ಅಂತ ಹೇಳಿ 40,000ದ ಸ್ಟೇಟ್‌ಮೆಂಟ್ ತೋರಿಸಿದರೆ, ನೀವು ಸುಳ್ಳು ಹೇಳದೇ ಇದ್ದರೂ ಸುಳ್ಳು ಹೇಳಿದ ಹಾಗೆ ಕಾಣುತ್ತೆ. ಆದ್ದರಿಂದ ಕೈಗೆ ಬರುವ ಅಂಕಿಯನ್ನೇ ಹೇಳಿ.

ಐನೂರು ರೂಪಾಯಿಯ ಪೇಸ್ಲಿಪ್

ಈಗ ನಮ್ಮ ಕಥೆಗೆ ಬರೋಣ. ಒಂದು ಅಪಾರ್ಟ್‌ಮೆಂಟ್‌ನಲ್ಲಿ ಎಲ್ಲ ಸರಿಹೋಗಿತ್ತು. ಓನರ್ ಮೂರು ತಿಂಗಳ ಪೇಸ್ಲಿಪ್ ಕೇಳಿದರು. ನಾವು ಇಂಟರ್ನ್‌ಗಳು ಅಂದ ತಕ್ಷಣ ಮುಖ ಬದಲಾಯಿತು. ಹೊರಗೆ ಬಂದಾಗ ಬ್ರೋಕರ್ ಮೆಲ್ಲಗೆ ಹೇಳಿದ: "ಐನೂರು ರೂಪಾಯಿ ಕೊಡಿ, ಪೇಸ್ಲಿಪ್ ಮಾಡಿಸಿ ಕೊಡ್ತೀನಿ. ಯಾರೂ ಚೆಕ್ ಮಾಡಲ್ಲ."

ಮುಚ್ಚುಮರೆ ಇಲ್ಲದೆ ಹೇಳುತ್ತೇವೆ, ಆ ರಾತ್ರಿ ನಮಗೆ ಆಸೆಯಾಯಿತು. ಐನೂರು ಯಾಕೆ ಕೊಡಬೇಕು, ನಾವೇ ಮಾಡಬಹುದಲ್ಲ ಅಂತ ಸೀನಿಯರ್‌ನ ಪೇಸ್ಲಿಪ್ ಪಿಡಿಎಫ್ ತೆಗೆದು ಲ್ಯಾಪ್‌ಟಾಪ್ ಮುಂದೆ ಕೂತೆವು. ಹನ್ನೆರಡನೇ ದಿನ ನೆಲದ ಮೇಲೆ ಮಲಗುವವನಿಗೆ ಹೆಸರೊಂದನ್ನು ಬದಲಾಯಿಸೋದು ದೊಡ್ಡ ಅಪರಾಧ ಅಂತ ಅನ್ನಿಸಲ್ಲ.

ನಮ್ಮಲ್ಲೊಬ್ಬ, ಹಾವೇರಿಯವನು, ತಡೆದ. ಅವನು ಧರ್ಮದ ಮಾತೇನೂ ಆಡಲಿಲ್ಲ. "ನಾಳೆ ಇದೇ ಕಂಪನಿ ನಮ್ಮ ಬ್ಯಾಕ್‌ಗ್ರೌಂಡ್ ವೆರಿಫಿಕೇಶನ್ ಮಾಡುತ್ತೆ. ಓನರ್‌ಗೆ ಡೌಟ್ ಬಂದು ಎಚ್‌ಆರ್‌ಗೆ ಒಂದು ಮೇಲ್ ಹಾಕಿದ್ರೆ? ಮನೆ ಹೋದ್ರೆ ಇನ್ನೊಂದು ಮನೆ ಸಿಗುತ್ತೆ, ಪಿಪಿಒ ಹೋದ್ರೆ ಊರಿಗೆ ಏನಂತ ಹೇಳೋದು?" ಅಂದ. ಲ್ಯಾಪ್‌ಟಾಪ್ ಮುಚ್ಚಿದೆವು.

ಆಮೇಲೆ ಓದಿಕೊಂಡಾಗ ಗೊತ್ತಾಯಿತು, ಅವನು ಹೇಳಿದ್ದು ಕಡಿಮೆಯೇ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ ಸೆಕ್ಷನ್ 318 ವಂಚನೆಗೆ, 336 ನಕಲಿ ದಾಖಲೆ ಸೃಷ್ಟಿಗೆ, 340 ನಕಲಿ ದಾಖಲೆಯನ್ನು ಅಸಲಿ ಅಂತ ಬಳಸುವುದಕ್ಕೆ. ಎಲೆಕ್ಟ್ರಾನಿಕ್ ದಾಖಲೆಯೂ ಇದರಲ್ಲಿ ಸೇರುತ್ತೆ. ಪಿಡಿಎಫ್ ಆದರೂ ಅಷ್ಟೇ.

ಇನ್ನು "ಯಾರೂ ಚೆಕ್ ಮಾಡಲ್ಲ" ಅನ್ನೋದು. ನಕಲಿ ಪೇಸ್ಲಿಪ್‌ನಲ್ಲಿರುವ ಮೊತ್ತ ಬ್ಯಾಂಕ್ ಸ್ಟೇಟ್‌ಮೆಂಟ್‌ನಲ್ಲಿ ಇರಲ್ಲ. ಸ್ಟೇಟ್‌ಮೆಂಟನ್ನೂ ತಿದ್ದೋಣ ಅಂದರೆ, ಡಿಜಿಟಲ್ ಸಹಿ ಇರುವ ಪಿಡಿಎಫ್ ಆದರೆ ಅದರ ಹ್ಯಾಶ್ ಕೈಕೊಡುತ್ತೆ. ನೆಟ್‌ವರ್ಕ್ ಸೆಕ್ಯುರಿಟಿ ಪೇಪರ್‌ನಲ್ಲಿ ಬರೆದಿದ್ದೇವಲ್ಲ: ಸಹಿ ಹಾಕೋದು ದಾಖಲೆಯ ಹ್ಯಾಶ್ ಮೇಲೆ, ಒಂದು ಅಂಕಿ ಬದಲಾದರೂ ಹ್ಯಾಶ್ ಬೇರೆ. ಸಹಿ ಹಾಕಿದ ಮೇಲೆ ದಾಖಲೆ ಬದಲಾಗಿದೆ ಅಂತ ಪಿಡಿಎಫ್ ರೀಡರ್ ತಾನೇ ತೋರಿಸುತ್ತೆ. ಐದು ಮಾರ್ಕ್ಸ್‌ಗೆ ಬರೆದ ಉತ್ತರವನ್ನು ನಾವೇ ಮರೆತಿದ್ದೆವು.

ಅಪ್ಪನಿಗೆ ಪೇಸ್ಲಿಪ್ ಇಲ್ಲ

ಇಂಟರ್ನ್‌ಗಳಿಗೆ ಓನರ್‌ಗಳು ಹೇಳುವ ಮತ್ತೊಂದು ಮಾತು: "ನಿಮ್ಮ ತಂದೆಯವರದ್ದು ಇನ್‌ಕಮ್ ಪ್ರೂಫ್ ಕೊಡಿ." ಅಪ್ಪ ನೌಕರಿಯಲ್ಲಿದ್ದರೆ ಸರಿ. ನಮ್ಮ ನಾಲ್ವರಲ್ಲಿ ಹಾಗೆ ಇದ್ದದ್ದು ಒಬ್ಬನೇ. ಇಬ್ಬರ ಮನೆಯಲ್ಲಿ ಬೇಸಾಯ, ಒಬ್ಬನ ತಂದೆಯದ್ದು ಕಿರಾಣಿ ಅಂಗಡಿ.

ನಮಗೆ ತಕ್ಷಣ ನೆನಪಾದದ್ದು ನಾಡಕಚೇರಿಯ ಆದಾಯ ಪ್ರಮಾಣಪತ್ರ. ಸ್ಕಾಲರ್‌ಶಿಪ್‌ಗೆ ಹಾಕಿದ ಎಲ್ಲರ ಫೈಲಿನಲ್ಲೂ ಇದು ಇರುತ್ತೆ. ಆದರೆ ಯೋಚಿಸಿ ನೋಡಿ: ಆ ಪತ್ರ ಬೇಕಾದದ್ದು ನಮ್ಮ ಮನೆಯ ಆದಾಯ ಕಡಿಮೆ ಅಂತ ತೋರಿಸಲು. ಅದನ್ನೇ ಓನರ್‌ಗೆ ಕೊಟ್ಟರೆ "ಇಷ್ಟರಲ್ಲಿ ಬಾಡಿಗೆ ಹೇಗೆ ಕಟ್ತೀರಿ?" ಅನ್ನುತ್ತಾರೆ. ಪಹಣಿಯೂ ಅಷ್ಟೇ. ಜಮೀನು ಇದೆ ಅಂತ ಹೇಳುತ್ತೆ, ಅದರಿಂದ ಎಷ್ಟು ಬರುತ್ತೆ ಅಂತ ಹೇಳಲ್ಲ. ಕೃಷಿ ಆದಾಯಕ್ಕೆ ಕೇಂದ್ರದ ಆದಾಯ ತೆರಿಗೆ ಇಲ್ಲದ ಕಾರಣ, ಬೇಸಾಯವೊಂದೇ ಇರುವ ಮನೆಗಳಲ್ಲಿ ಸಾಮಾನ್ಯವಾಗಿ ರಿಟರ್ನ್ಸ್ ಕೂಡ ಹಾಕಿರಲ್ಲ. ಹೀಗೆ, ದುಡಿಮೆ ಇದ್ದೂ ಕಾಗದ ಇಲ್ಲದ ಮನೆಗಳು ನಮ್ಮವು.

ದಾರಿ ಸಿಕ್ಕಿದ್ದು ಮಂಡ್ಯದ ಗೆಳೆಯನ ಮನೆಯಿಂದ. ಅವರದ್ದು ಎರಡು ಹಸು. ಹಾಲು ಡೇರಿಗೆ ಹೋಗುತ್ತೆ, ದುಡ್ಡು ಬ್ಯಾಂಕ್ ಅಕೌಂಟ್‌ಗೆ ಬರುತ್ತೆ. ಅವರಪ್ಪ ಪಾಸ್‌ಬುಕ್ ಎಂಟ್ರಿ ಮಾಡಿಸಿ ಫೋಟೊ ಕಳಿಸಿದರು. ಮೊತ್ತ ದೊಡ್ಡದೇನಲ್ಲ. ಆದರೆ ವರ್ಷಪೂರ್ತಿ, ಒಂದು ಸಲವೂ ತಪ್ಪದೆ ಜಮಾ ಆಗಿತ್ತು.

ಓನರ್ ನೋಡೋದು ಮೊತ್ತಕ್ಕಿಂತ ಹೆಚ್ಚಾಗಿ ಈ ಕ್ರಮವನ್ನು. ಸುಗ್ಗಿಯಲ್ಲಿ ಒಂದೇ ಸಲ ಬರುವ ಎರಡು ಲಕ್ಷಕ್ಕಿಂತ ತಪ್ಪದೆ ಬರುವ ಹಾಲಿನ ದುಡ್ಡು ಅವರಿಗೆ ಹೆಚ್ಚು ಅರ್ಥವಾಗುತ್ತೆ, ಯಾಕಂದರೆ ಬಾಡಿಗೆಯೂ ತಪ್ಪದೆ ಬರಬೇಕಾದ ದುಡ್ಡೇ. ನಿಮ್ಮ ಮನೆಯಲ್ಲೂ ಇಂಥದ್ದೊಂದು ಇರಬಹುದು: ಎಪಿಎಂಸಿ ಮಾರಾಟದ ರಸೀದಿ ಮತ್ತು ಅದಕ್ಕೆ ಸರಿಯಾಗಿ ಬ್ಯಾಂಕ್ ಜಮಾ, ಅಂಗಡಿಯ ಕ್ಯೂಆರ್ ಕೋಡ್‌ಗೆ ಬೀಳುವ ದಿನದ ದುಡ್ಡು, ಪಿಂಚಣಿ, ಅಕ್ಕನ ಸಂಬಳ. ಅಂಗಡಿ, ಟೈಲರಿಂಗ್, ಟ್ಯಾಕ್ಸಿ ಓಡಿಸುವವರು ತೆರಿಗೆ ಕಟ್ಟುವಷ್ಟು ಆದಾಯ ಇಲ್ಲದಿದ್ದರೂ ರಿಟರ್ನ್ಸ್ ಸಲ್ಲಿಸಬಹುದು. ಅದರ ಸ್ವೀಕೃತಿ ಪತ್ರ ಒಳ್ಳೆಯ ಆದಾಯದ ಪುರಾವೆ. ಮನೆಯಲ್ಲಿ ಈ ವಿಷಯ ಈಗಲೇ ಮಾತಾಡಿಡಿ.

ನಮಗೆ ಮನೆ ಸಿಕ್ಕಿದ್ದು ಹೇಗೆ

ವಿಜಯನಗರದಲ್ಲಿ ಒಂದು ಎರಡು ಬೆಡ್‌ರೂಮ್ ಮನೆ. ಬಾಡಿಗೆ 24,000. ಕೆಳಗಿನ ಮಹಡಿಯಲ್ಲಿ ಓನರ್, ರಿಟೈರ್ ಆದವರು. ಈ ಸಲ ನಾವು ಒಂದೇ ಹಾಳೆಯಲ್ಲಿ ಎಲ್ಲ ಬರೆದುಕೊಂಡು ಹೋಗಿದ್ದೆವು. ನಾಲ್ವರ ಹೆಸರು, ಊರು, ಕಂಪನಿ, ಸ್ಟೈಪೆಂಡ್. ಮೂವರಿಗೆ 20,000, ಒಬ್ಬನಿಗೆ 15,000. ಒಟ್ಟು 75,000. ಬಾಡಿಗೆ ಅದರ ಮೂರನೇ ಒಂದು ಭಾಗಕ್ಕಿಂತ ಕಡಿಮೆ. ಜೊತೆಗೆ ಕಂಪನಿಯ ಪತ್ರಗಳು, ಒಬ್ಬನ ತಂದೆಯ ಪೇಸ್ಲಿಪ್, ಇನ್ನೊಬ್ಬನ ಮನೆಯ ಹಾಲಿನ ಪಾಸ್‌ಬುಕ್, ಇಬ್ಬರು ತಂದೆಯರ ಫೋನ್ ನಂಬರ್.

ಅವರು ಕನ್ನಡಕ ಹಾಕಿಕೊಂಡು ಹಾಳೆ ಪೂರ್ತಿ ಓದಿದರು.

"ಸ್ಟೈಪೆಂಡ್ ಅಂದ್ರೆ ಸಂಬಳಾನೇನ್ರಪ್ಪಾ?"

"ಅಲ್ಲ ಸರ್, ಟ್ರೈನಿಂಗ್‌ಗೆ ಕೊಡೋದು. ಆರು ತಿಂಗಳು ಮಾತ್ರ. ಆಮೇಲೆ ಕೆಲಸ ಖಾಯಂ ಆದ್ರೆ ಸಂಬಳ."

"ಆಗ್ದೇ ಇದ್ರೆ?"

ಈ ಪ್ರಶ್ನೆಗೆ ಯಾವ ಪೇಸ್ಲಿಪ್‌ನಲ್ಲೂ ಉತ್ತರ ಇಲ್ಲ. "ಆಗದೇ ಇದ್ರೆ ಒಂದು ತಿಂಗಳು ಮುಂಚೆ ಹೇಳಿ ಖಾಲಿ ಮಾಡ್ತೀವಿ ಸರ್. ಆರು ತಿಂಗಳ ಒಳಗೆ ಯಾರಾದ್ರೂ ಬಿಟ್ಟು ಹೋದ್ರೆ ಉಳಿದವರು ಪೂರ್ತಿ ಬಾಡಿಗೆ ಕಟ್ತೀವಿ. ಬೇಕಾದ್ರೆ ಅಗ್ರಿಮೆಂಟ್‌ನಲ್ಲೇ ಬರೀರಿ" ಅಂದೆವು. ಅವರು ಹಾಳೆ ಮಡಚಿ, ಮಂಡ್ಯದವನ ಕಡೆ ನೋಡಿ, "ನಮ್ಮ ಮನೇಲೂ ಹಸು ಇತ್ತಪ್ಪಾ" ಅಂದರು. ಆರು ತಿಂಗಳ ಅಡ್ವಾನ್ಸ್ ಅಂತ ಕೇಳಿದ್ದವರು ಐದಕ್ಕೆ ಇಳಿದರು. ತಲೆಗೆ 30,000 ಊರಿನಿಂದ ತರಿಸಿ ಕೊಟ್ಟೆವು.

ನಾವು ಕಲಿತದ್ದು ಇದು: ಕಾಗದ ಓನರ್‌ನ ಭಯಕ್ಕೆ ಉತ್ತರ. ಯಾವ ಭಯ ಅಂತ ತಿಳಿದುಕೊಂಡರೆ, ಇಲ್ಲದ ಕಾಗದದ ಜಾಗದಲ್ಲಿ ಬೇರೆ ಭರವಸೆ ಕೊಡಬಹುದು. ಗ್ಯಾರಂಟಿ ನಿಲ್ಲುವ ತಂದೆ, ನೋಟಿಸ್ ಅವಧಿ, ಇಷ್ಟು ತಿಂಗಳು ಬಿಡಲ್ಲ ಅನ್ನುವ ಷರತ್ತು, ಇವೆಲ್ಲ ಅಂಥವು. ಆದರೆ ಹೀಗೆ ಬರೆದುಕೊಟ್ಟರೆ ಅದು ಜಂಟಿ ಹೊಣೆ. ಒಬ್ಬ ಕೈಕೊಟ್ಟರೆ ಮೂವರ ತಲೆಗೆ ಬರುತ್ತೆ. ಅಂಥವರ ಜೊತೆ ಮಾತ್ರ ಸಹಿ ಹಾಕಿ.

ಕೊಡುವ ಮೊದಲು ಇಷ್ಟು ನೋಡಿ

ಮನೆ ಕಣ್ಣಾರೆ ನೋಡದೆ, ಓನರ್ ಜೊತೆ ಮಾತಾಡದೆ ವಾಟ್ಸ್ಆ್ಯಪ್‌ನಲ್ಲಿ ಯಾವ ದಾಖಲೆಯನ್ನೂ ಕಳಿಸಬೇಡಿ. ಟೋಕನ್ ಅಡ್ವಾನ್ಸ್ ಅಂತೂ ಬೇಡವೇ ಬೇಡ.

ಆಧಾರ್ ಕೊಡುವಾಗ ಮಾಸ್ಕ್ಡ್ ಆಧಾರ್ ಡೌನ್‌ಲೋಡ್ ಮಾಡಿ. ಅದರಲ್ಲಿ ಕೊನೆಯ ನಾಲ್ಕು ಅಂಕಿ ಮಾತ್ರ ಕಾಣುತ್ತೆ.

ಬ್ಯಾಂಕ್ ಸ್ಟೇಟ್‌ಮೆಂಟ್‌ನಲ್ಲಿ ಸಂಬಳ ಜಮಾ ಆದ ಪುಟ ಸಾಕು. ನೀವು ಎಲ್ಲಿ ಬಿರಿಯಾನಿ ತಿಂದಿರಿ ಅನ್ನೋದು ಓನರ್‌ಗೆ ಬೇಡ. ಮುಚ್ಚಬೇಕಾದ ಸಾಲುಗಳಿದ್ದರೆ ಪ್ರಿಂಟ್ ಮೇಲೆ ಎದ್ದು ಕಾಣುವ ಹಾಗೆ ಕಪ್ಪು ಗೆರೆ ಎಳೆಯಿರಿ, ಮುಚ್ಚಿದ್ದೇನೆ ಅಂತ ಬಾಯಿಬಿಟ್ಟು ಹೇಳಿ. ಮುಚ್ಚೋದು ಬೇರೆ, ತಿದ್ದೋದು ಬೇರೆ.

ಪ್ರತಿ ಜೆರಾಕ್ಸ್ ಮೇಲೂ "ಬಾಡಿಗೆ ಮನೆಗಾಗಿ ಮಾತ್ರ" ಅಂತ ಬರೆದು ದಿನಾಂಕ ಹಾಕಿ, ಅಡ್ಡಲಾಗಿ ಸಹಿ ಮಾಡಿ. ನೆಟ್‌ಬ್ಯಾಂಕಿಂಗ್ ಪಾಸ್‌ವರ್ಡ್, ಒಟಿಪಿ ಯಾರು ಕೇಳಿದರೂ ಇಲ್ಲ.

ಅಗ್ರಿಮೆಂಟ್ ಹನ್ನೊಂದು ತಿಂಗಳಿಗೇ ಯಾಕೆ ಅಂತ ಬಹಳ ಜನ ಕೇಳುತ್ತಾರೆ. 1908ರ ನೋಂದಣಿ ಕಾಯ್ದೆಯ ಸೆಕ್ಷನ್ 17ರ ಪ್ರಕಾರ ಒಂದು ವರ್ಷ ಮೀರಿದ ಗುತ್ತಿಗೆಯನ್ನು ಕಡ್ಡಾಯವಾಗಿ ನೋಂದಣಿ ಮಾಡಿಸಬೇಕು. ಅದನ್ನು ತಪ್ಪಿಸಲು ಹನ್ನೊಂದು. ಇನ್ನು ಅಡ್ವಾನ್ಸ್ ಎರಡು ತಿಂಗಳಿಗಿಂತ ಹೆಚ್ಚು ಕೇಳಬಾರದು ಅಂತ 2021ರ ಮಾದರಿ ಬಾಡಿಗೆ ಕಾಯ್ದೆ ಹೇಳುತ್ತೆ. ಆದರೆ ಅದು ಕೇಂದ್ರ ಕೊಟ್ಟ ಮಾದರಿ ಮಾತ್ರ, ರಾಜ್ಯ ಅದನ್ನು ಕಾನೂನು ಮಾಡಿಕೊಳ್ಳದೆ ಇಲ್ಲಿ ನಡೆಯಲ್ಲ. ಓನರ್ ಮುಂದೆ ಅದನ್ನೇ ಹಿಡಿದು ವಾದಕ್ಕೆ ಕೂರಬೇಡಿ, ಚೌಕಾಸಿ ಮಾಡಿ. ಕೊಟ್ಟ ಅಡ್ವಾನ್ಸ್‌ನ ಮೊತ್ತ ಅಗ್ರಿಮೆಂಟ್‌ನಲ್ಲಿ ಇದೆಯಾ ಅಂತ ನೋಡಿ. ದುಡ್ಡನ್ನು ಬ್ಯಾಂಕ್ ಮೂಲಕವೇ ಕೊಡಿ.

ಕೊನೆಯದಾಗಿ, ಪುರಾವೆ ಕೇಳೋದು ಓನರ್‌ನ ಹಕ್ಕು ಮಾತ್ರ ಅಲ್ಲ. ಲಕ್ಷದಷ್ಟು ದುಡ್ಡು ಕೊಡುವ ನಾವೂ ಕೇಳಬೇಕು. ಕರೆಂಟ್ ಬಿಲ್, ಆಸ್ತಿ ತೆರಿಗೆ ರಸೀದಿ ತೋರಿಸಿ ಅನ್ನಿ. ಅದರಲ್ಲಿರುವ ಹೆಸರು, ಅಗ್ರಿಮೆಂಟ್‌ನಲ್ಲಿರುವ ಹೆಸರು, ಅಡ್ವಾನ್ಸ್ ಹೋಗುವ ಅಕೌಂಟ್‌ನ ಹೆಸರು ಮೂರೂ ಹೊಂದಬೇಕು. ನಾವು ಕೇಳಿದಾಗ ನಮ್ಮ ಓನರ್ ಒಂದು ಕ್ಷಣ ಸುಮ್ಮನಿದ್ದು, ನಕ್ಕು, ಒಳಗೆ ಹೋಗಿ ರಸೀದಿ ತಂದರು.

ಮುಂದಿನ ಸೆಮಿಸ್ಟರ್‌ಗೆ ಹೊರಡುವವರು ಈ ವಾರವೇ ಒಂದು ಫೋಲ್ಡರ್ ಮಾಡಿಡಿ. ಮನೆಗೆ ಫೋನ್ ಮಾಡಿ, ಅಪ್ಪನ ಪಾಸ್‌ಬುಕ್ ಎಂಟ್ರಿ ಮಾಡಿಸಿಡೋಕೆ ಹೇಳಿ. ಏನಾದರೂ ಗೊಂದಲ ಇದ್ದರೆ ನಾವು ನಾಲ್ವರೂ ವೈವಾ ಮುಗಿಯೋವರೆಗೆ ಕ್ಯಾಂಪಸ್‌ನಲ್ಲೇ ಇರುತ್ತೇವೆ, ಕ್ಯಾಂಟೀನ್ ಹತ್ರ ಸಿಗಿ.